ಅರ್ಜಿಯ ಮೊದಲ ಹೆಸರು

ಮಂಗಳವಾರ, ೧೪

ವಿಶ್ವವಿದ್ಯಾಲಯದ ಗುಮಾಸ್ತ ಇವತ್ತು ನನಗೆ ಕುರ್ಚಿ ಕೊಟ್ಟ. ಅದೇ ತಲೆ ಕೊರೆಯುತ್ತಿದೆ. ಮರುಮೌಲ್ಯಮಾಪನದ ಫಲಿತಾಂಶ ಕೇಳಲು ಹೋದಾಗಲೆಲ್ಲ ‘ಇನ್ನೂ ಬಂದಿಲ್ಲ, ಹೋಗಮ್ಮ’ ಎಂದು ಕಿಟಕಿಯಿಂದಲೇ ಗದರುತ್ತಿದ್ದವನು ಎದ್ದು ನಿಂತ. ‘ಓ, ಕೋರ್ಟಿಗೆ ಹೋಗಿರೋದು ನೀವೇನಾ? ಕೂತ್ಕೊಳ್ಳಿ ಮೇಡಂ.’ ಒಳಗಿನ ಮೇಜುಗಳಿಂದ ತಲೆಗಳೆಲ್ಲ ನನ್ನತ್ತ ತಿರುಗಿದವು. ನಾನು ಕೂರಲಿಲ್ಲ.

ಫಲಿತಾಂಶ ತಡ ಮಾಡಿದ್ದಕ್ಕೆ ವಿಶ್ವವಿದ್ಯಾಲಯದ ಮೇಲೆ ಹಾಕುವ ಅರ್ಜಿಯನ್ನು ವಕೀಲರು ಮುಂದಿಟ್ಟ ದಿನ ನಮ್ಮ ಕ್ಲಾಸಿನವರೆಲ್ಲ ಮುಖ ಮುಖ ನೋಡಿಕೊಂಡರು. ಪೆನ್ನು ನನ್ನ ಕೈಲಿತ್ತು, ಸಹಿ ಹಾಕಿಬಿಟ್ಟೆ. ಈಗ ಕೇಸಿಗೆ ನನ್ನದೇ ಹೆಸರು. ಉಳಿದವರೆಲ್ಲ ‘ಮತ್ತು ಇತರರು’. ಮುಂದಿನ ವಾರ ಪ್ರಾಯೋಗಿಕ ಪರೀಕ್ಷೆ. ಅಂಕ ಹಾಕುವವರೂ ಇದೇ ವಿಶ್ವವಿದ್ಯಾಲಯದವರು.

ಊಟಕ್ಕೆ ಕೂತಾಗ ಅಮ್ಮ ಅಂದಳು, ‘ನಿನ್ನ ಹೆಸರು ತೆಗೆಸಿಬಿಡೇ. ಕೇಸು ಹೇಗಿದ್ರೂ ನಡಿಯತ್ತೆ, ನೀನ್ಯಾಕೆ ಮುಂದೆ ನಿಂತ್ಕೋಬೇಕು?’

ಹೂಂ ಅಂದೆ. ಎದೆ ಹಗುರಾಯಿತು, ನಾಚಿಕೆ ಕೂಡ ಆಗಲಿಲ್ಲ. ವಕೀಲರಿಗೆ ಕರೆ ಮಾಡಲು ಫೋನು ತೆಗೆದಾಗ ನೆನಪಾಯಿತು, ನನ್ನ ಕೆಳಗಿನ ಸಹಿ ನಮ್ಮ ಕ್ಲಾಸಿನ ಪುಕ್ಕಲಿಯದು. ವೈವಾದಲ್ಲಿ ಹೆಸರು ಕೇಳಿದರೂ ತೊದಲುವವಳು. ‘ನೀನು ಹಾಕಿದ್ಯಲ್ಲ, ಹಾಗಾದ್ರೆ ನಂಗೆ ಭಯ ಇಲ್ಲ’ ಅಂದು ಹಾಕಿದ್ದಳು. ನಾನು ಹಿಂದೆ ಸರಿದರೆ ಆ ಕುರ್ಚಿ ನಾಳೆ ಅವಳಿಗೆ.

ಫೋನು ದಿಂಬಿನಡಿ ತುರುಕಿದ್ದೇನೆ. ಬೆಳಗ್ಗೆ ಅಮ್ಮ ಕೇಳಿದರೆ, ಹೆಸರು ತೆಗೆಸಲ್ಲ ಅಂತ ಹೇಳಬೇಕು.