ಎಮ್ಮೆಗೆ ಹಾಡಿದ ಹಾಡು

೨೧ ಆಗಸ್ಟ್ ೧೯೭೬, ಶನಿವಾರ. ರಾಜಾಜಿನಗರ.

ಆ ಹಾಸ್ಯನಟನ ಮೇಲಿನ ಸಿಟ್ಟು ಇನ್ನೂ ಇಳಿದಿಲ್ಲ. "ಅತ್ತಿಗೆ ಹೋದ್ಮೇಲೆ ನೀವು ನಕ್ಕಿದ್ದೇ ನೋಡಿಲ್ಲ, ಬನ್ನಿ ಅಣ್ಣ" ಎಂದು ಪಕ್ಕದ ಮನೆಯ ನಾಣಿ ಮ್ಯಾಟಿನಿಗೆ ಎಳೆದುಕೊಂಡು ಹೋದ. ವತ್ಸಲಾ ದಿನಾ ಒಗ್ಗರಣೆ ಹಾಕುತ್ತ ಗುನುಗುತ್ತಿದ್ದ ಹಳೆಯ ಪ್ರೇಮಗೀತೆಯನ್ನು ಆ ನಟ ಎಮ್ಮೆಯ ಕೊರಳು ತಬ್ಬಿಕೊಂಡು ಹಾಡಿದ. ಟಾಕೀಸಿಗೆ ಟಾಕೀಸೇ ಬಿದ್ದು ಬಿದ್ದು ನಕ್ಕಿತು. ನಾನು ಹಲ್ಲು ಕಚ್ಚಿಕೊಂಡು ಕೂತಿದ್ದೆ.

"ಹೆಂಗಿತ್ತಣ್ಣ ಎಮ್ಮೆ ಹಾಡು?" ಎಂದ ನಾಣಿ. ಅವನಿಗೇನು ಗೊತ್ತು, ಪಾಪ.

"ಚೆನ್ನಾಗಿತ್ತು ಕಣೋ" ಎಂದೆ.

ಈಗ ಒಬ್ಬನೇ ಕೂತು ಅದನ್ನೇ ಗುನುಗಿ ನೋಡಿದೆ. ಬೇರೆ ದಿನವಾದರೆ ಒಲೆಯ ಮುಂದೆ ಅವಳ ಬೆವೆತ ಕತ್ತು ಕಾಣುತ್ತಿತ್ತು. ಇವತ್ತು ಎಮ್ಮೆ ಬಂದು ನಿಂತಿತು. ನಗು ತಡೆಯಲಾಗಲಿಲ್ಲ. ನಗುನಗುತ್ತಲೇ ಅಡುಗೆಮನೆಯ ಕಡೆ ತಿರುಗಿ, "ವತ್ಸಲಾ, ಇಲ್ಲಿ ಕೇಳೇ" ಎಂದು ಕೂಗಿಬಿಟ್ಟೆ.