ಗೋಡೆಗೆ ಏರಿದ ಕೌದಿ

ಕ್ಯಾನಿಂಗ್ ವೇಲ್, ಪರ್ತ್
ಜುಲೈ ೧೧, ಗುರುವಾರ

ಪ್ರೀತಿಯ ಮಗಳೇ ಭಾವನಾ,

ಹೇಗಿದ್ದೀಯ? ಅಡಿಲೇಡ್‌ನಲ್ಲಿ ಈ ಸಲ ಚಳಿ ನಮಗಿಂತ ಜಾಸ್ತಿ ಎಂದು ಟೀವಿಯಲ್ಲಿ ಹೇಳುತ್ತಿದ್ದರು. ಕೆಮ್ಮು ಹೋಯಿತೇ? ಮೊನ್ನೆ ಫೋನಿನಲ್ಲಿ ಕೆಮ್ಮುತ್ತಲೇ ಇದ್ದೆ. ಕಷಾಯ ಮಾಡಿಕೋ ಎನ್ನುವಷ್ಟರಲ್ಲಿ 'ಮೀಟಿಂಗ್ ಇದೆ ಅಮ್ಮಾ' ಎಂದು ಇಟ್ಟುಬಿಟ್ಟೆ. ಅದಕ್ಕೇ ಕಾಗದ ಬರೆಯುತ್ತಿದ್ದೇನೆ. ಕಾಗದವನ್ನು ನಡುವೆ ಕಟ್ ಮಾಡಲು ಆಗುವುದಿಲ್ಲವಲ್ಲ. ಐದನೇ ಕ್ಲಾಸಿನವರೆಗೆ ಮೈಸೂರಿನಲ್ಲಿ ಓದಿದವಳು ನೀನು, ಕನ್ನಡ ಓದುವುದು ಮರೆತುಹೋಗಿದೆ ಎಂಬ ನೆಪ ನನ್ನ ಹತ್ತಿರ ನಡೆಯುವುದಿಲ್ಲ. ನನ್ನ ಮಂಡಿನೋವು ಇದ್ದ ಹಾಗೇ ಇದೆ, ಅದರ ಸುದ್ದಿ ಈಗ ಬೇಡ.

ಅಪ್ಪನನ್ನು ಸೋಮವಾರ ಮನೆಗೆ ಕರೆದುಕೊಂಡು ಬಂದೆವು. ಇನ್ನು ಆಸ್ಪತ್ರೆಯಲ್ಲಿ ಮಾಡುವಂಥದ್ದೇನೂ ಉಳಿದಿಲ್ಲವಂತೆ. ಮುಂದಿನ ರೂಮಿನ ಸೋಫಾ ತೆಗೆಸಿ, ಕಿಟಕಿಯ ಪಕ್ಕ ಎತ್ತರಿಸಿ ಇಳಿಸುವ ಮಂಚ ಹಾಕಿಸಿದ್ದೇವೆ. ನರ್ಸ್ ದಿನಾ ಬಂದು ನೋವಿಗೆ ಔಷಧಿ ಕೊಟ್ಟು ಹೋಗುತ್ತಾಳೆ, ಒಳ್ಳೆಯ ಹುಡುಗಿ. ಆಸ್ಪತ್ರೆಯಿಂದ ಹೊರಡುವ ಮೊದಲು ಡಾಕ್ಟರು ನನ್ನನ್ನು ಕಾರಿಡಾರಿಗೆ ಕರೆದು, ಆಗಸ್ಟ್ ಕಾಣುವುದು ಕಷ್ಟ ಎಂದರು. ನಾನು ತಲೆಯಾಡಿಸಿದೆ, ಥ್ಯಾಂಕ್ಯೂ ಕೂಡ ಹೇಳಿದೆ. ಆಮೇಲೆ ಕಾರ್ ಪಾರ್ಕಿನಲ್ಲಿ ನಮ್ಮ ಕಾರು ಯಾವುದು ಎಂದೇ ತಿಳಿಯಲಿಲ್ಲ. ನನಗೆ ತುಂಬಾ ಭಯವಾಗುತ್ತಿದೆ ಕಣೇ. ನಿಮ್ಮಣ್ಣ ವಿನಯನ ಮುಂದೆ ಗಟ್ಟಿಗಿತ್ತಿಯ ಹಾಗೆ ಓಡಾಡುತ್ತೇನೆ, ನಿನ್ನ ಮುಂದೆ ಆ ನಾಟಕ ಬೇಡ.

ಅಪ್ಪನಿಗೆ ಒಂದೇ ಸಮ ಚಳಿ. ಹೀಟರ್ ಹಾಕಿದರೆ ಬಾಯಿ ಒಣಗುತ್ತದೆ, ಆರಿಸಿದರೆ ಹಲ್ಲು ಕಟಕಟ ಎನ್ನುತ್ತದೆ. ನಿಮ್ಮಣ್ಣ ಬ್ರಿಸ್ಬೇನ್‌ನಿಂದ ಬರುವಾಗ ಬಾತುಕೋಳಿ ಗರಿ ತುಂಬಿದ ಡೂನಾ ಹೊದಿಕೆ ತಂದ. ನೋಡಿದರೆ ನನಗೇ ಹೊದ್ದುಕೊಳ್ಳುವ ಆಸೆ ಬರುವಂಥದ್ದು. ಅಪ್ಪ ಒಂದು ಗಳಿಗೆ ಹೊದ್ದು ಕಾಲಿನಿಂದ ತಳ್ಳಿಬಿಟ್ಟರು. 'ಇದಕ್ಕ ತೂಕನ ಇಲ್ಲಲೋ ವಿನಯಾ, ಮೈಮ್ಯಾಲ ಏನೂ ಇದ್ದಂಗ ಅನಸೂದಿಲ್ಲ' ಎಂದರು. ಗಮನಿಸಿದೆಯಾ, ಅವರ ಧಾರವಾಡದ ಮಾತು ವಾಪಸ್ ಬಂದಿದೆ! ಮದುವೆಯಾದ ಹೊಸದರಲ್ಲಿ ನಾನು ನಗುತ್ತೇನೆಂದು ಬಿಟ್ಟಿದ್ದ ಮಾತು ಅದು. ಇಷ್ಟು ವರ್ಷ ಆಫೀಸಿನಲ್ಲಿ ಇಂಗ್ಲಿಷು, ಮನೆಯಲ್ಲಿ ನನ್ನ ಕನ್ನಡ ಎಂದು ಕಾಲ ಹಾಕಿದ ಮನುಷ್ಯ ಈಗ ಎದ್ದರೂ ಮಲಗಿದರೂ ಒಂದೇ ಕೇಳುತ್ತಾರೆ, 'ಇಂದೂ, ನಮ್ಮವ್ವನ ಕೌದಿ ಎಲ್ಲಿಟ್ಟೀ?' ಎಂದು.

ಎಲ್ಲಿದೆ ಎಂದು ಹೇಳಿದರೆ ನೆನಪಿರುವುದಿಲ್ಲ. ಭಾವನಾಳ ಮ್ಯೂಸಿಯಮ್ಮಿನಲ್ಲಿದೆ ಎಂದರೆ 'ಹೌದಲಾ' ಎಂದು ಸಮಾಧಾನವಾಗುತ್ತಾರೆ, ಸ್ವಲ್ಪ ಹೊತ್ತಿಗೆ ಮತ್ತೆ ಅದೇ. ಜೊತೆಗೆ ಇನ್ನೊಂದು ಶುರುವಾಗಿದೆ. ಕಣ್ಣು ಮುಚ್ಚಿಕೊಂಡೇ ಬೆರಳುಗಳಿಂದ ಬೆಡ್‌ಶೀಟನ್ನು ಚಿವುಟುತ್ತಾರೆ, ಸವರುತ್ತಾರೆ. ಈ ಹಂತದಲ್ಲಿ ಎಲ್ಲರೂ ಹೀಗೆ ಮಾಡುತ್ತಾರೆ, ಅದಕ್ಕೆ ಅರ್ಥವಿಲ್ಲ ಎಂದು ನರ್ಸ್ ಹೇಳಿದಳು. ಅವಳಿಗೆ ಏನು ಗೊತ್ತು. ಈ ಮನುಷ್ಯನ ಪಕ್ಕದಲ್ಲಿ ಮಲಗಿ ಮುದುಕಿಯಾದವಳು ನಾನು. ನಿದ್ದೆ ಬರದಿದ್ದರೆ ಅವರು ಕೌದಿಯ ಹೊಲಿಗೆಯ ಸಾಲನ್ನು ಬೆರಳಲ್ಲೇ ಹಿಡಿದು ಹೋಗುತ್ತಿದ್ದರು. ಇದು ಅಪ್ಪನ ಧೋತರ, ಇದು ಅವ್ವನ ಇಳಕಲ್ ಸೀರೆ, ಇದು ನನ್ನ ಶಾಲೆಯ ಚಡ್ಡಿ ಎಂದು ಕತ್ತಲಲ್ಲೇ ಹೇಳುತ್ತಿದ್ದರು. ನಿನ್ನ ತೊಟ್ಟಿಲಿನ ಬಟ್ಟೆಯದೂ ಒಂದು ತೇಪೆ ಇದೆ ಅದರಲ್ಲಿ. ಈಗ ಆ ಬೆರಳಿಗೆ ಸಿಗುತ್ತಿರುವುದು ನುಣ್ಣನೆಯ ಬಿಳಿ ಶೀಟು.

ಕೌದಿಯನ್ನು ನೀನು ಕದ್ದುಕೊಂಡು ಹೋದೆ ಎಂದು ನಾನು ಹೇಳುತ್ತಿಲ್ಲ. ಕಳೆದ ದೀಪಾವಳಿಗೆ ಬಂದಾಗ ನೀನು ಕೇಳಿದೆ, ಅಪ್ಪನೇ ಬಿಸಿಲಿಗೆ ಹಾಕಿ, ಕೊಡವಿ, ಮಡಿಸಿ ಕೊಟ್ಟರು. 'ನಮ್ಮವ್ವನ ಕೈಕೆಲಸ ನಾಲ್ಕು ಜನ ನೋಡಲಿ' ಎಂದು ಅವರ ಕಾಲು ನೆಲದ ಮೇಲೆ ಇರಲಿಲ್ಲ. ಆಗ ಈ ಕಾಯಿಲೆಯ ಹೆಸರೂ ನಮ್ಮ ಮನೆಯಲ್ಲಿ ಇರಲಿಲ್ಲ. ನೀನು ಕಳಿಸಿದ ಫೋಟೋವನ್ನು ಪಿಯಾರಾ ವಾಟರ್ಸ್‌ನಲ್ಲಿರುವ ನಮ್ಮವರಿಗೆಲ್ಲ ತೋರಿಸಿದ್ದೇ ತೋರಿಸಿದ್ದು. ಗಾಜಿನ ಹಿಂದೆ, ಮೇಲಿನಿಂದ ಬೆಳಕು, ಕೆಳಗೆ ಕಸ್ತೂರಿಬಾಯಿ ಎಂದು ನಿಮ್ಮಜ್ಜಿಯ ಹೆಸರು, ಪಕ್ಕದಲ್ಲಿ ಮುಟ್ಟಬಾರದು ಎಂಬ ಬೋರ್ಡು. ಮುಟ್ಟಬಾರದಂತೆ! ನಿಮ್ಮಜ್ಜಿ ಬದುಕಿದ್ದರೆ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಇನ್ನೊಂದು ಮಾತು, ಆಗ ಹೇಳಲಿಲ್ಲ, ನಿನ್ನ ಖುಷಿ ಕೆಡಿಸುವುದು ಬೇಡವೆಂದು. ನೀವು ಅದನ್ನು ತಲೆಕೆಳಗು ಮಾಡಿ ತೂಗುಹಾಕಿದ್ದೀರಿ. ಕೆಂಪು ಖಣದ ತುಂಡು ಇರುವ ಅಂಚು ತಲೆಯ ಕಡೆಗೆ. ಕಾಲಿನ ಕಡೆ ಮುಖಕ್ಕೆ ಬರಬಾರದೆಂದು ಅಜ್ಜಿ ಗುರುತಿಗೆ ಹೊಲಿಯುತ್ತಿದ್ದುದು ಅದನ್ನು. ಅಷ್ಟು ಓದಿದವರೆಲ್ಲ ಸೇರಿ ಅಳತೆ ಪಟ್ಟಿ ಹಿಡಿದು ಉಲ್ಟಾ ಹಾಕಿದಿರಲ್ಲೇ.

ನೀನು ಫೋನಿನಲ್ಲಿ ಹೇಳಿದ್ದು ನನಗೆ ಅರ್ಥವಾಗದೆ ಇಲ್ಲ. ಪ್ರದರ್ಶನ ಸೆಪ್ಟೆಂಬರ್ ಕೊನೆಯವರೆಗೆ ಇದೆ, ನಡುವೆ ಇಳಿಸುವ ಪದ್ಧತಿ ಇಲ್ಲ, ನಿನ್ನ ಕೆಲಸ ಇನ್ನೂ ಪರ್ಮನೆಂಟ್ ಆಗಿಲ್ಲ, ನಿನ್ನ ಮನೆಯ ವಸ್ತುವನ್ನು ನೀನೇ ತಂದು ಈಗ ನೀನೇ ಇಳಿಸಿಬಿಟ್ಟರೆ ಜನ ಏನೆಂದುಕೊಂಡಾರು. ಎಲ್ಲ ಸರಿ. ಬೇರೆ ಕೌದಿ ತರಿಸಿಕೊಡುತ್ತೇನೆ, ಹಳಿಯಾಳದ ಕಡೆ ಹೆಂಗಸರು ಚೆನ್ನಾಗಿ ಹೊಲಿಯುತ್ತಾರೆ ಎಂದೂ ಹೇಳಿದೆ. ಹೊಲಿಯಲಿ, ಅವರಿಗೂ ಹೊಟ್ಟೆಪಾಡು. ಆದರೆ ಅದರಲ್ಲಿ ಬೇರೆ ಯಾರದೋ ಧೋತರ ಇರುತ್ತದೆ ಮಗಳೇ. ಹುಳ ಇದ್ದರೆ ಸಾಯಲೆಂದು ನಮ್ಮ ಕೌದಿಯನ್ನು ಫ್ರೀಜರಿನಲ್ಲಿ ಇಟ್ಟಿದ್ದಿರಿ, ಕೈಗವಸು ಹಾಕಿಕೊಂಡೇ ಮುಟ್ಟುತ್ತೀರಿ, ಇನ್ನೂ ನೂರು ವರ್ಷ ಬಾಳಿಕೆ ಬರುತ್ತದೆ ಎಂದೆ. ಅದು ಬಾಳಿಕೆ ಬರಲಿ ಎಂದು ಹೊಲಿದದ್ದಲ್ಲ ಕಣೇ. 'ಹೊದಿಲಿಕ್ಕೆ ಹೊಲಿಯೂದವಾ, ಹರದ್ರ ಮತ್ತೊಂದು ಹೊಲದ್ರಾತು' ಎನ್ನುತ್ತಿದ್ದರು ಅಜ್ಜಿ. ಮೈಸೂರಿನವಳಾದ ನಾನು ಅದನ್ನು ಚಿಂದಿ ಎಂದು ಮೂಗು ಮುರಿದಾಗಲೂ ಅವರಿಗೆ ಸಿಟ್ಟು ಬಂದದ್ದಿಲ್ಲ. ಚಳಿಗಾಲ ಬರಲಿ ನೋಡು ಎಂದಿದ್ದರು ಅಷ್ಟೆ.

ಮೇಲಿನವರ ಹತ್ತಿರ ಮಾತಾಡು. ಸ್ವಲ್ಪ ದಿನದ ಮಟ್ಟಿಗೆ ಇಳಿಸಿ ಕೊಡಲಿ. ಬೇಕಾದರೆ ಡಾಕ್ಟರಿಂದ ಒಂದು ಕಾಗದ ಬರೆಸಿ ಕಳಿಸುತ್ತೇನೆ. ಮೇ ತಿಂಗಳಲ್ಲಿ ಬಂದು ಹೋದಮೇಲೆ ನೀನು ಈ ಕಡೆ ಬಂದಿಲ್ಲ. ಯಾಕೆಂದು ನನಗೆ ಗೊತ್ತು. ಬರಿಗೈಯಲ್ಲಿ ಬಂದರೆ ಅಪ್ಪ ಕೌದಿ ಕೇಳುತ್ತಾರೆ, ಏನು ಹೇಳಲಿ ಎಂದು ನಿನಗೆ ಅಳುಕು. ನಿನ್ನ ಮೇಲೆ ಅವರಿಗೆ ಒಂದಿಷ್ಟೂ ಬೇಸರವಿಲ್ಲ. ಸಿಟ್ಟು ಇರುವುದು ನನಗೆ, ಅದೂ ಈ ಕಾಗದ ಬರೆಯುತ್ತಾ ಅರ್ಧ ಇಳಿಯಿತು.

ಹೊತ್ತಿಗೆ ಸರಿಯಾಗಿ ಊಟ ಮಾಡು. ಸ್ವೆಟರ್ ಹಾಕಿಕೊಂಡು ಓಡಾಡು. ಅಪ್ಪನ ಆಶೀರ್ವಾದ ನಿನ್ನ ಮೇಲೆ ಯಾವಾಗಲೂ ಇದೆ, ನನ್ನದೂ ಸೇರಿಸಿಕೋ. ವಿನಯ ನಿನ್ನನ್ನು ಕೇಳಿದ್ದಾನೆ.

ನಿನ್ನ ಅಮ್ಮ,
ಇಂದುಮತಿ

ವಿ.ಸೂ.: ಕವರ್ ಅಂಟಿಸುವ ಮೊದಲು ಇಷ್ಟು ಬರೆಯಲೇಬೇಕು. ಸ್ವಲ್ಪ ದಿನದ ಮಟ್ಟಿಗೆ ಎಂದು ಮೇಲೆ ಬರೆದೆನಲ್ಲ, ಅದು ಸುಳ್ಳು. ಆ ಕೌದಿ ನಿನಗೆ ವಾಪಸ್ ಸಿಗುವುದಿಲ್ಲ. ನಿಮ್ಮಪ್ಪನ ಮನೆತನದಲ್ಲಿ ಮನುಷ್ಯ ಕೊನೆಗೆ ಹೊದ್ದ ಕೌದಿಯನ್ನು ಮನೆಯಲ್ಲಿ ಇಟ್ಟುಕೊಳ್ಳುವುದಿಲ್ಲ, ಅದು ಹೋದವರ ಜೊತೆಗೇ ಹೋಗುತ್ತದೆ. ನಿಮ್ಮ ತಾತನ ಕೌದಿಯನ್ನು ಅಜ್ಜಿಯೇ ಹೊದಿಸಿ ಕಳಿಸಿದ್ದರು. ಇಲ್ಲಿಯ ಫ್ಯೂನರಲ್‌ನವರನ್ನು ಕೇಳಿದ್ದೇನೆ, ಹತ್ತಿ ಬಟ್ಟೆಯಾದರೆ ಪೆಟ್ಟಿಗೆಯೊಳಗೆ ಹಾಕಬಹುದಂತೆ, ಸುಡಲು ಅಡ್ಡಿಯಿಲ್ಲವಂತೆ. ನಿಮ್ಮ ಮ್ಯೂಸಿಯಮ್ಮಿನವರಿಗೂ ಇದನ್ನು ಮುಚ್ಚಿಡದೆ ಹೇಳಿ ಇಳಿಸು. ಅವರು ಒಪ್ಪದಿದ್ದರೆ ಬರಿಗೈಯಲ್ಲೇ ಬಾ. ಪೋಸ್ಟಿನಲ್ಲಿ ಕಳಿಸಬೇಡ, ನೀನೇ ತಾ. ಇವತ್ತು ಬೆಳಿಗ್ಗೆಯಿಂದ ಅಪ್ಪ ಕೌದಿ ಕೇಳುವುದನ್ನು ನಿಲ್ಲಿಸಿದ್ದಾರೆ.