ಪೂಜೆಯಾದ ಮೇಲಿನ ಔಷಧಿ

ನೋವೈ, ಮಂಗಳವಾರ

ಡಾಕ್ಟರ್ ಶಾಹಿದಾ ಅವರಿಗೆ, ಕಲ್ಲಿನಾಥನ ಶರಣು.

ಅವ್ವ ಗುರುವಾರ ತೀರಿಕೊಂಡಳು. ನಮ್ಮ ಗದಗಿನ ಕಡೆಯವರಾದ ನೀವು ಈ ಪರದೇಶದಲ್ಲೂ ಡಿಯರ್‌ಬಾರ್ನ್‌ನಿಂದ ನೋವೈ ಊರಿನ ನಮ್ಮ ಮನೆಗೇ ಬಂದು ಅವಳನ್ನು ನೋಡಿಕೊಂಡಿರಿ. ಅದಕ್ಕಾಗಿ ಈ ಪತ್ರ.

ಕ್ಯಾನ್ಸರ್ ಎಲುಬಿಗೆ ಇಳಿದಿದ್ದರೂ ಅವ್ವ ನೋವು ತಗ್ಗಿಸುವ ಮಾರ್ಫಿನ್ ಬೇಡವೆಂದಳು. ಅದರ ಮಂಪರಿನಲ್ಲಿ ಲಿಂಗಪೂಜೆ ಮಾಡಲಾಗದು ಎಂಬುದು ಅವಳ ಹಟ. ಅವಳ ನರಳಾಟ ಕೇಳಲಾರದೆ, ತಿಳಿಯದಂತೆ ಹಾಲಿನಲ್ಲಿ ಬೆರೆಸಿ ಕೊಡೋಣವೇ ಎಂದು ನಿಮ್ಮನ್ನು ಕೇಳಿದ್ದೆ. "ಅವರ ಮೈ, ಅವರ ಪೂಜಿ. ಕದ್ದು ಕೊಡಂಗಿಲ್ರಿ," ಎಂದಿರಿ. ನನಗೆ ಸಿಟ್ಟು ಬಂದಿತ್ತು.

ನೀವು ಅವಳ ಹಾಸಿಗೆಯ ಬಳಿ ಕುಳಿತು, "ಅವ್ವಾರ, ಜಡ್ಡು ಬಂದ್ರ ನಾ ರೋಜಾದ ಉಪಾಸ ಬಿಡ್ತೀನ್ರಿ. ನಮ್ಮ ಅಲ್ಲಾ ಅಷ್ಟು ಕಠೋರ ಅಲ್ಲ. ನಿಮ್ಮ ಶಿವ ಹಂಗ ಅದಾನೇನ್ರಿ?" ಎಂದಿರಿ. ಅವ್ವ ನಕ್ಕಳು. "ಪೂಜಿ ಆದ ಮ್ಯಾಲೆ ಕೊಡವ್ವಾ," ಎಂದಳು. ನೀವು ಔಷಧಿಯ ಹೊತ್ತನ್ನು ಅದಕ್ಕೆ ತಕ್ಕಂತೆ ಹೊಂದಿಸಿದಿರಿ.

ಹನ್ನೊಂದು ದಿನ ಅವಳು ಬೆಳಿಗ್ಗೆ ಎಚ್ಚರದಲ್ಲಿ ಪೂಜೆ ಮಾಡಿದಳು, ಆಮೇಲೆ ನೋವಿಲ್ಲದೆ ಮಲಗಿದಳು. ಕೊನೆಯ ಬೆಳಿಗ್ಗೆ ಪೂಜೆ ಮುಗಿಸಿ ನನ್ನ ಕೆನ್ನೆ ಸವರಿ, "ಭಾಳ ಸೊರಗೀದಿ, ಕಲ್ಲಪ್ಪಾ. ಹೋಗಿ ಉಣ್ಣು," ಎಂದಳು. ಅಂದು ನೀವು ನನ್ನ ಮಾತಿಗೆ ಒಪ್ಪಿದ್ದರೆ ನನಗೆ ಈ ಮಾತು ಸಿಗುತ್ತಿರಲಿಲ್ಲ.

ಉಳಿದ ಔಷಧಿಯನ್ನು ಎಲ್ಲಿ ಒಪ್ಪಿಸಬೇಕು, ತಿಳಿಸಿ. ಭಾನುವಾರ ಮಧ್ಯಾಹ್ನ ಅವಳ ಹೆಸರಿನಲ್ಲಿ ಪ್ರಸಾದವಿದೆ. ನೀವು ಬಂದು ಕುಳಿತ ಮೇಲೆಯೇ ಎಲ್ಲರಿಗೂ ಎಲೆ ಹಾಕುತ್ತೇವೆ.

ಕೃತಜ್ಞ,
ಕಲ್ಲಿನಾಥ